ಮಚ್ಚೆ ಮಾರಿಯಾದಾಗ: ಮೆಲನೋಮಾದ ಹಂತಗಳು, ಮುನ್ನೋಟ ಮತ್ತು ಚಿಕಿತ್ಸೆ

ಮೈಮೇಲಿನ ಮಚ್ಚೆ ಯಾರಿಗೂ ಅಪರಿಚಿತವಲ್ಲ. ಶಾಲೆಯ ದಾಖಲಾತಿಯಿಂದ ಹಿಡಿದು ಸರಕಾರಿ ಅರ್ಜಿಗಳವರೆಗೆ 'ಗುರುತಿನ ಚಿಹ್ನೆ' ಎಂಬ ಅಂಕಣದಲ್ಲಿ ನಾವು ಬರೆಯುತ್ತ ಬಂದಿರುವುದು ಅದನ್ನೇ. ಕೆನ್ನೆಯ ಮೇಲಿದ್ದರೆ ಚೆಲುವು, ಅಂಗೈಯಲ್ಲಿದ್ದರೆ ಧನಯೋಗ ಎಂದು ಫಲ ಹೇಳುವವರೂ ಉಂಟು. ಬಹುಪಾಲು ಮಚ್ಚೆಗಳು ಜೀವನಪರ್ಯಂತ ನಿರುಪದ್ರವಿಗಳಾಗಿಯೇ ಉಳಿಯುತ್ತವೆ. ಆದರೆ ಅಪರೂಪಕ್ಕೊಮ್ಮೆ ಚರ್ಮದ ಮೇಲಿನ ಒಂದು ಕಪ್ಪು ಕಲೆ ಪ್ರಾಣಕ್ಕೆ ಎರವಾಗುವ ಕ್ಯಾನ್ಸರ್ ಆಗಿರುತ್ತದೆ. ಅದಕ್ಕೆ ವೈದ್ಯಶಾಸ್ತ್ರದಲ್ಲಿ ಮೆಲನೋಮಾ ಎಂದು ಹೆಸರು.

ಈ ಕಾಯಿಲೆಯ ವಿಚಿತ್ರವೆಂದರೆ, ಆರಂಭದಲ್ಲೇ ಪತ್ತೆಯಾದರೆ ಚರ್ಮದ ಒಂದು ಸಣ್ಣ ತುಂಡನ್ನು ಕತ್ತರಿಸಿ ತೆಗೆಯುವುದರೊಂದಿಗೆ ಪ್ರಕರಣ ಮುಗಿಯಬಹುದು. ತಡವಾದರೆ ಅದೇ ಕಾಯಿಲೆ ಶ್ವಾಸಕೋಶ, ಯಕೃತ್ತು, ಮಿದುಳಿಗೆ ಹಬ್ಬುತ್ತದೆ. ಈ ಎರಡು ಸ್ಥಿತಿಗಳ ನಡುವಿನ ಅಂತರವನ್ನು ವೈದ್ಯರು ಅಳೆಯುವುದು ಮಿಲಿಮೀಟರಿನ ಭಾಗಗಳಲ್ಲಿ.

ಏನಿದು ಮೆಲನೋಮಾ?

ನಮ್ಮ ಚರ್ಮಕ್ಕೆ ಬಣ್ಣ ಕೊಡುವ ವಸ್ತು ಮೆಲನಿನ್. ಅದನ್ನು ತಯಾರಿಸುವ ಮೆಲನೋಸೈಟ್ ಎಂಬ ಜೀವಕೋಶಗಳು ಹೊರಚರ್ಮದ ತಳಪದರದಲ್ಲಿವೆ. ಈ ಜೀವಕೋಶಗಳು ಅಂಕೆ ಮೀರಿ ಬೆಳೆಯತೊಡಗಿದಾಗ ಮೆಲನೋಮಾ ಹುಟ್ಟುತ್ತದೆ. ಹಳೆಯ ಮಚ್ಚೆಯೇ ಕ್ಯಾನ್ಸರ್ ಆಗಿ ಬದಲಾಗುತ್ತದೆ ಎಂಬುದು ಸಾಮಾನ್ಯ ಕಲ್ಪನೆ. ವಾಸ್ತವದಲ್ಲಿ ಹತ್ತರಲ್ಲಿ ಸುಮಾರು ಏಳು ಮೆಲನೋಮಾಗಳು ಮೊದಲು ಏನೂ ಇಲ್ಲದ ಚರ್ಮದಲ್ಲಿ ಹೊಸದಾಗಿ ಕಾಣಿಸಿಕೊಳ್ಳುತ್ತವೆ. ಆದ್ದರಿಂದ ಬದಲಾಗುತ್ತಿರುವ ಹಳೆಯ ಮಚ್ಚೆಯಷ್ಟೇ ಅಲ್ಲ, ವಯಸ್ಕರಲ್ಲಿ ಹೊಸದಾಗಿ ಮೂಡಿ ಬೆಳೆಯುತ್ತಿರುವ ಕಲೆಯೂ ಗಮನಾರ್ಹ.

ಚರ್ಮದ ಕ್ಯಾನ್ಸರ್‌ಗಳಲ್ಲಿ ಇದು ಹೆಚ್ಚು ಸಾಮಾನ್ಯವಾದದ್ದಲ್ಲ. ಆದರೆ ಅತ್ಯಂತ ಅಪಾಯಕಾರಿ. 2020ರಲ್ಲಿ ವಿಶ್ವಾದ್ಯಂತ ಸುಮಾರು 3.25 ಲಕ್ಷ ಜನರಲ್ಲಿ ಹೊಸದಾಗಿ ಪತ್ತೆಯಾಯಿತು. ಸುಮಾರು 57 ಸಾವಿರ ಮಂದಿ ಅಸುನೀಗಿದರು ಎಂಬುದು ಅಂತಾರಾಷ್ಟ್ರೀಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆಯ ಅಂದಾಜು. ಆಸ್ಟ್ರೇಲಿಯಾ ಮತ್ತು ನ್ಯೂಜಿಲೆಂಡ್‌ಗಳಲ್ಲಿ ಇದರ ಪ್ರಮಾಣ ಅತ್ಯಧಿಕ. ಬಿಳಿ ಚರ್ಮದವರಲ್ಲಿ ಬಿಸಿಲಿನ ಅತಿನೇರಳೆ ಕಿರಣಗಳೇ ಇದಕ್ಕೆ ಮುಖ್ಯ ಕಾರಣ.

ಭಾರತೀಯರಲ್ಲಿ ಕಾಣುವ ಬಗೆಯೇ ಬೇರೆ

ನಮ್ಮ ಚರ್ಮದಲ್ಲಿ ಹೇರಳವಾಗಿರುವ ಮೆಲನಿನ್ ಬಿಸಿಲಿನಿಂದ ರಕ್ಷಣೆ ನೀಡುವುದರಿಂದ ಭಾರತೀಯರಲ್ಲಿ ಮೆಲನೋಮಾ ವಿರಳ. ಆದರೆ ಬಂದಾಗ ಅದು ಹೆಚ್ಚಾಗಿ ಬರುವುದು ಬಿಸಿಲು ತಾಗದ ಜಾಗಗಳಲ್ಲಿ: ಅಂಗಾಲು, ಅಂಗೈ, ಉಗುರಿನ ಕೆಳಭಾಗ, ಇಲ್ಲವೇ ಬಾಯಿ, ಮೂಗು, ಗುದದ್ವಾರದಂತಹ ಒಳಪೊರೆಗಳು. ಕೈಕಾಲಿನ ತುದಿಗಳಲ್ಲಿ ಬರುವ ಬಗೆಯನ್ನು ಏಕ್ರಲ್ ಮೆಲನೋಮಾ ಎನ್ನುತ್ತಾರೆ. ಇದಕ್ಕೂ ಬಿಸಿಲಿಗೂ ಹೆಚ್ಚಿನ ನಂಟಿಲ್ಲ. ಹೀಗಾಗಿ ಸನ್‌ಸ್ಕ್ರೀನ್ ಲೇಪನದಿಂದ ಇದನ್ನು ತಡೆಯಲಾಗದು; ಬೇಗ ಗುರುತಿಸುವುದೊಂದೇ ನಮ್ಮ ಕೈಯಲ್ಲಿರುವ ಉಪಾಯ.

ತೊಂದರೆ ಇರುವುದು ಇಲ್ಲೇ. ಅಂಗಾಲಿನ ಕಪ್ಪು ಗಂಟನ್ನು ಆಣಿ ಎಂದೋ ಮುಳ್ಳು ಚುಚ್ಚಿದ ಗಾಯ ಎಂದೋ ತಿಳಿದು ಬಿಡುವವರು ಬಹಳ. ಉಗುರಿನಡಿ ಕಪ್ಪಾದರೆ ಬಾಗಿಲಿಗೆ ಸಿಕ್ಕಿ ರಕ್ತ ಕಟ್ಟಿದೆ ಎಂದುಕೊಳ್ಳುತ್ತೇವೆ. ಕೀವಾದರೆ ಉಗುರುಸುತ್ತು ಎಂದು ನಿಂಬೆಹಣ್ಣು ಸಿಕ್ಕಿಸುತ್ತೇವೆ. ಕೆಲವರು ಬ್ಲೇಡಿನಿಂದ ಕೆರೆಯುತ್ತಾರೆ, ಇನ್ನು ಕೆಲವರು ಸುಣ್ಣ ಹಚ್ಚಿ ಸುಡುತ್ತಾರೆ. ನೋವಿಲ್ಲದ ಕಾರಣ ತಿಂಗಳುಗಳು ಉರುಳುತ್ತವೆ. ತೊಡೆಸಂದಿಯಲ್ಲಿ ಗಡ್ಡೆ ಕಾಣಿಸಿಕೊಂಡ ಮೇಲೆಯೇ ಆಸ್ಪತ್ರೆಯ ನೆನಪಾಗುತ್ತದೆ.

ಜಮೈಕಾದ ಪ್ರಸಿದ್ಧ ಗಾಯಕ ಬಾಬ್ ಮಾರ್ಲಿಯ ಕಾಲ್ಬೆರಳಿನ ಉಗುರಿನಡಿ 1977ರಲ್ಲಿ ಪತ್ತೆಯಾದದ್ದು ಇದೇ ಬಗೆಯ ಮೆಲನೋಮಾ. ಅದನ್ನು ಮೊದಲಿಗೆ ಫುಟ್‌ಬಾಲ್ ಆಟದಲ್ಲಾದ ಪೆಟ್ಟು ಎಂದು ಭಾವಿಸಲಾಗಿತ್ತು. ಬೆರಳನ್ನು ತೆಗೆಸಿಕೊಳ್ಳಲು ಅವರು ಒಪ್ಪಲಿಲ್ಲ. ರೋಗ ದೇಹದೆಲ್ಲೆಡೆ ಹಬ್ಬಿ, 1981ರ ಮೇ ತಿಂಗಳಲ್ಲಿ ತಮ್ಮ 36ನೇ ವಯಸ್ಸಿನಲ್ಲಿ ಅವರು ನಿಧನರಾದರು.

ಅನುಮಾನ ಬರಬೇಕಾದ ಲಕ್ಷಣಗಳು

ವೈದ್ಯರು ಐದು ಅಂಶಗಳನ್ನು ನೋಡುತ್ತಾರೆ.

* ಕಲೆಯ ಒಂದು ಅರ್ಧ ಇನ್ನೊಂದು ಅರ್ಧವನ್ನು ಹೋಲದಿರುವುದು.
* ಅಂಚು ನುಣುಪಾಗಿರದೆ ಹರಕುಮುರುಕಾಗಿರುವುದು.
* ಒಂದೇ ಕಲೆಯಲ್ಲಿ ಕಂದು, ಕಪ್ಪು, ನೀಲಿ, ಕೆಂಪು ಹೀಗೆ ಹಲವು ಬಣ್ಣಗಳಿರುವುದು.
* ಅಗಲ 6 ಮಿ.ಮೀ.ಗಿಂತ ಹೆಚ್ಚಿರುವುದು.
* ಎಲ್ಲಕ್ಕಿಂತ ಮುಖ್ಯವಾಗಿ, ವಾರಗಳು ಅಥವಾ ತಿಂಗಳುಗಳಲ್ಲಿ ಬದಲಾಗುತ್ತಿರುವುದು.

ಉಗುರಿನ ವಿಷಯದಲ್ಲಿ, ಒಂದೇ ಉಗುರಿನ ಮೇಲೆ ಉದ್ದಕ್ಕೆ ಕಪ್ಪು ಗೆರೆ ಮೂಡಿ ಅಗಲವಾಗುತ್ತಿದ್ದರೆ, ಅಥವಾ ಆ ಕಪ್ಪು ಬಣ್ಣ ಉಗುರಿನ ಬುಡದ ಚರ್ಮಕ್ಕೂ ಹರಡಿದ್ದರೆ ಎಚ್ಚರ ಬೇಕು. ಕಪ್ಪು ಚರ್ಮದವರಲ್ಲಿ ಹಲವು ಉಗುರುಗಳ ಮೇಲೆ ಸಣ್ಣ ಗೆರೆಗಳಿರುವುದು ಸಹಜ, ಅದಕ್ಕೆ ಹೆದರಬೇಕಿಲ್ಲ. ಪೆಟ್ಟಿನಿಂದ ಕಟ್ಟಿದ ರಕ್ತವಾದರೆ ಉಗುರು ಬೆಳೆದಂತೆ ತುದಿಯತ್ತ ಸರಿಯುತ್ತದೆ. ಸರಿಯದೆ ಅಲ್ಲೇ ನಿಂತಿದ್ದರೆ ಚರ್ಮವೈದ್ಯರಿಗೆ ತೋರಿಸಬೇಕು. ಕೆಲವು ಮೆಲನೋಮಾಗಳಿಗೆ ಕಪ್ಪು ಬಣ್ಣವೇ ಇರುವುದಿಲ್ಲ. ಆದ್ದರಿಂದ ಅಂಗಾಲಿನಲ್ಲಿ ಕಾರಣವಿಲ್ಲದೆ ಮೂಡಿ, ಮಾಯದೆ ಉಳಿದ ಹುಣ್ಣು ಯಾವ ಬಣ್ಣದ್ದಾದರೂ ಪರೀಕ್ಷೆಗೆ ಅರ್ಹ.

ರೋಗ ನಿರ್ಣಯ ಹೇಗೆ?

ಡರ್ಮೋಸ್ಕೋಪ್ ಎಂಬ ಭೂತಗನ್ನಡಿಯಂತಹ ಉಪಕರಣದಿಂದ ನೋಡಿದ ನಂತರ ಅನುಮಾನ ಉಳಿದರೆ ಬಯಾಪ್ಸಿ ಅನಿವಾರ್ಯ. ಸಾಧ್ಯವಿರುವ ಕಡೆಯಲ್ಲೆಲ್ಲ, 1ರಿಂದ 3 ಮಿ.ಮೀ. ಅಂಚು ಸೇರಿಸಿ ಇಡೀ ಕಲೆಯನ್ನು ಪೂರ್ಣ ಆಳದವರೆಗೆ ತೆಗೆದು ಪ್ರಯೋಗಾಲಯಕ್ಕೆ ಕಳುಹಿಸುವುದು ಸರಿಯಾದ ಕ್ರಮ. ಮೇಲಿನಿಂದ ತೆಳ್ಳಗೆ ಕೆರೆದು ತೆಗೆದರೆ ಗಡ್ಡೆಯ ಆಳ ಎಷ್ಟಿತ್ತೆಂಬುದು ತಿಳಿಯದೆ ಹೋಗಬಹುದು. ಸುಟ್ಟು ತೆಗೆದರಂತೂ ಪರೀಕ್ಷಿಸಲು ಏನೂ ಉಳಿಯುವುದಿಲ್ಲ. ಸೌಂದರ್ಯಕ್ಕೆಂದು ಲೇಸರ್ ಅಥವಾ ವಿದ್ಯುತ್ ಉಪಕರಣದಿಂದ ಮಚ್ಚೆ ತೆಗೆಸಿಕೊಳ್ಳುವವರು ಈ ಮಾತನ್ನು ನೆನಪಿಡಬೇಕು. ಅನುಮಾನಾಸ್ಪದ ಕಲೆಯನ್ನು ಬಯಾಪ್ಸಿ ಇಲ್ಲದೆ ಸುಡಬಾರದು.

'ಚುಚ್ಚಿದರೆ, ಕತ್ತರಿಸಿದರೆ ಕ್ಯಾನ್ಸರ್ ಹರಡುತ್ತದೆ' ಎಂಬ ನಂಬಿಕೆ ನಮ್ಮಲ್ಲಿ ಆಳವಾಗಿದೆ. ಸರಿಯಾಗಿ ಮಾಡಿದ ಬಯಾಪ್ಸಿಯಿಂದ ಮೆಲನೋಮಾ ರೋಗಿಯ ಆಯುಷ್ಯಕ್ಕೆ ಧಕ್ಕೆಯಿಲ್ಲ. ಬಯಾಪ್ಸಿಗೆ ಹೆದರಿ ಕಳೆಯುವ ತಿಂಗಳುಗಳಿಂದ ಧಕ್ಕೆಯಿದೆ.

ಹಂತ ನಿರ್ಧಾರ: ಆಳವೇ ಅಳತೆಗೋಲು

ಪ್ರಯೋಗಾಲಯದ ವರದಿಯಲ್ಲಿ ಮೊದಲು ನೋಡಬೇಕಾದದ್ದು 'ಬ್ರೆಸ್ಲೋ ದಪ್ಪ'. ಅಮೆರಿಕದ ರೋಗಶಾಸ್ತ್ರಜ್ಞ ಅಲೆಕ್ಸಾಂಡರ್ ಬ್ರೆಸ್ಲೋ 1970ರಲ್ಲಿ ಒಂದು ಸರಳ ಸತ್ಯವನ್ನು ಮುಂದಿಟ್ಟರು: ಗಡ್ಡೆ ಎಷ್ಟು ಅಗಲವಾಗಿದೆ ಎಂಬುದಕ್ಕಿಂತ ಎಷ್ಟು ಆಳಕ್ಕೆ ಇಳಿದಿದೆ ಎಂಬುದೇ ರೋಗಿಯ ಭವಿಷ್ಯವನ್ನು ಹೆಚ್ಚು ನಿಖರವಾಗಿ ಹೇಳುತ್ತದೆ. ಹೊರಚರ್ಮದಲ್ಲಿ ರಕ್ತನಾಳಗಳಿಲ್ಲ. ಒಳಚರ್ಮದಲ್ಲಿ ರಕ್ತನಾಳಗಳೂ ದುಗ್ಧನಾಳಗಳೂ ಇವೆ. ಕ್ಯಾನ್ಸರ್ ಕೋಶಗಳು ಕೆಳಗಿಳಿದಷ್ಟೂ ಅವುಗಳಿಗೆ ಹೊರಹೋಗುವ ದಾರಿ ಸುಲಭವಾಗುತ್ತದೆ.

ಎರಡನೆಯ ಅಂಶ, ಗಡ್ಡೆಯ ಮೇಲಿನ ಚರ್ಮ ಹುಣ್ಣಾಗಿದೆಯೇ ಎಂಬುದು. ಹುಣ್ಣಾಗಿದ್ದರೆ ಗಡ್ಡೆಯ ಸ್ವಭಾವ ಹೆಚ್ಚು ಆಕ್ರಮಣಕಾರಿ ಎಂದರ್ಥ. ಮೂರನೆಯದು ದುಗ್ಧಗ್ರಂಥಿಗಳ ಸ್ಥಿತಿ, ನಾಲ್ಕನೆಯದು ದೂರದ ಅಂಗಗಳಿಗೆ ಹಬ್ಬಿದೆಯೇ ಎಂಬುದು. ಅಮೆರಿಕದ ಕ್ಯಾನ್ಸರ್ ಜಂಟಿ ಸಮಿತಿ 2017ರಲ್ಲಿ ಪ್ರಕಟಿಸಿದ ಎಂಟನೇ ಆವೃತ್ತಿಯ ನಿಯಮಗಳಂತೆ ಹಂತಗಳು ಸ್ಥೂಲವಾಗಿ ಹೀಗಿವೆ.

ಸೊನ್ನೆ ಹಂತ: ಕ್ಯಾನ್ಸರ್ ಕೋಶಗಳು ಹೊರಚರ್ಮವನ್ನು ದಾಟಿಲ್ಲ.

ಒಂದನೇ ಹಂತ: 1 ಮಿ.ಮೀ.ವರೆಗಿನ ಗಡ್ಡೆ, ಅಥವಾ 2 ಮಿ.ಮೀ.ವರೆಗಿದ್ದು ಹುಣ್ಣಾಗದ ಗಡ್ಡೆ. ಗ್ರಂಥಿಗಳು ಸುರಕ್ಷಿತ.

ಎರಡನೇ ಹಂತ: 1 ಮಿ.ಮೀ. ದಾಟಿ ಹುಣ್ಣಾದ ಗಡ್ಡೆ, ಅಥವಾ 2 ಮಿ.ಮೀ.ಗಿಂತ ದಪ್ಪನಾದ ಗಡ್ಡೆ. ಗ್ರಂಥಿಗಳು ಆಗಲೂ ಸುರಕ್ಷಿತ. ಇದರಲ್ಲಿ ಎ, ಬಿ, ಸಿ ಎಂಬ ಮೂರು ಉಪಹಂತಗಳು. 4 ಮಿ.ಮೀ. ಮೀರಿ, ಹುಣ್ಣೂ ಆಗಿದ್ದರೆ ಅದು 'ಎರಡನೇ ಸಿ' ಹಂತ.

ಮೂರನೇ ಹಂತ: ಸಮೀಪದ ದುಗ್ಧಗ್ರಂಥಿಗಳಿಗೆ, ಅಥವಾ ಗಡ್ಡೆ ಮತ್ತು ಗ್ರಂಥಿಗಳ ನಡುವಿನ ಚರ್ಮಕ್ಕೆ ಹಬ್ಬಿದ ಸ್ಥಿತಿ. ಎ ಯಿಂದ ಡಿ ವರೆಗೆ ನಾಲ್ಕು ಉಪಹಂತಗಳು.

ನಾಲ್ಕನೇ ಹಂತ: ದೂರದ ಚರ್ಮ, ಶ್ವಾಸಕೋಶ, ಇತರ ಅಂಗಗಳು ಅಥವಾ ಮಿದುಳಿಗೆ ಹಬ್ಬಿದ ಸ್ಥಿತಿ. ರಕ್ತದಲ್ಲಿನ ಎಲ್‌ಡಿಎಚ್ ಎಂಬ ಕಿಣ್ವದ ಪ್ರಮಾಣವನ್ನೂ ಇಲ್ಲಿ ಲೆಕ್ಕಕ್ಕೆ ತೆಗೆದುಕೊಳ್ಳುತ್ತಾರೆ.

ಕಾವಲು ಗ್ರಂಥಿಯ ಪರೀಕ್ಷೆ

ಕೈಗೆ ಸಿಗುವಂತೆ ಊದಿಕೊಳ್ಳದ ಗ್ರಂಥಿಯಲ್ಲೂ ಕ್ಯಾನ್ಸರ್ ಕೋಶಗಳು ಅಡಗಿರಬಹುದು. ಅದನ್ನು ಪತ್ತೆಹಚ್ಚುವ ವಿಧಾನವನ್ನು ಅಮೆರಿಕದ ಶಸ್ತ್ರಚಿಕಿತ್ಸಕ ಡೊನಾಲ್ಡ್ ಮಾರ್ಟನ್ ಮತ್ತು ಸಂಗಡಿಗರು 1992ರಲ್ಲಿ ಪ್ರಕಟಿಸಿದರು. ಗಡ್ಡೆಯಿದ್ದ ಜಾಗದಲ್ಲಿ ನೀಲಿ ಬಣ್ಣವನ್ನು ಚುಚ್ಚಿದರೆ ಅದು ದುಗ್ಧನಾಳದ ಮೂಲಕ ಸಾಗಿ ಮೊಟ್ಟಮೊದಲು ಯಾವ ಗ್ರಂಥಿಯನ್ನು ತಲುಪುತ್ತದೆಯೋ ಅದೇ ಕಾವಲು ಗ್ರಂಥಿ. ಈಗ ಬಣ್ಣದ ಜೊತೆ ಅಲ್ಪ ಪ್ರಮಾಣದ ವಿಕಿರಣಶೀಲ ದ್ರಾವಣವನ್ನೂ ಬಳಸುತ್ತಾರೆ. ಆ ಗ್ರಂಥಿಯನ್ನು ಮಾತ್ರ ತೆಗೆದು ಪರೀಕ್ಷಿಸುತ್ತಾರೆ. ಸಾಮಾನ್ಯವಾಗಿ 1 ಮಿ.ಮೀ. ಮೀರಿದ ಗಡ್ಡೆಗಳಿಗೆ ಇದನ್ನು ಸೂಚಿಸಲಾಗುತ್ತದೆ, 0.8ರಿಂದ 1 ಮಿ.ಮೀ. ನಡುವಿನವುಗಳಿಗೆ ರೋಗಿಯೊಂದಿಗೆ ಚರ್ಚಿಸಿ ನಿರ್ಧರಿಸಲಾಗುತ್ತದೆ.

ಹಿಂದೆ ಕಾವಲು ಗ್ರಂಥಿಯಲ್ಲಿ ಕ್ಯಾನ್ಸರ್ ಕಂಡರೆ ಆ ಭಾಗದ ಎಲ್ಲ ಗ್ರಂಥಿಗಳನ್ನೂ ತೆಗೆಯುತ್ತಿದ್ದರು. ಕಾಲು ಶಾಶ್ವತವಾಗಿ ಊದಿಕೊಳ್ಳುವಂತಹ ತೊಂದರೆಗಳು ಅದರಿಂದ ಆಗುತ್ತಿದ್ದವು. 2017ರಲ್ಲಿ ಪ್ರಕಟವಾದ ದೊಡ್ಡ ಅಧ್ಯಯನವೊಂದು, ಹೀಗೆ ಎಲ್ಲವನ್ನೂ ತೆಗೆಯುವುದರಿಂದ ರೋಗಿಯ ಆಯುಷ್ಯ ಹೆಚ್ಚುವುದಿಲ್ಲ ಎಂದು ತೋರಿಸಿಕೊಟ್ಟಿತು. ಈಗ ಅಂತಹ ರೋಗಿಗಳಲ್ಲಿ ಹೆಚ್ಚಿನವರನ್ನು ಅಲ್ಟ್ರಾಸೌಂಡ್ ಪರೀಕ್ಷೆಗಳ ಮೂಲಕ ನಿಗಾದಲ್ಲಿಡಲಾಗುತ್ತದೆ.

ಅಂಕಿ ಅಂಶಗಳು ಏನು ಹೇಳುತ್ತವೆ?

ಎಂಟನೇ ಆವೃತ್ತಿಗೆ ಆಧಾರವಾದ 46 ಸಾವಿರಕ್ಕೂ ಹೆಚ್ಚು ರೋಗಿಗಳ ಮಾಹಿತಿಯ ಪ್ರಕಾರ, ಐದು ವರ್ಷಗಳ ಅವಧಿಯಲ್ಲಿ ಮೆಲನೋಮಾದಿಂದ ಸಾಯದೆ ಉಳಿದವರ ಪ್ರಮಾಣ ಒಂದನೇ ಹಂತದಲ್ಲಿ ಶೇ. 98, ಎರಡನೇ ಹಂತದಲ್ಲಿ ಶೇ. 90, ಮೂರನೇ ಹಂತದಲ್ಲಿ ಶೇ. 77. ಮೂರನೇ ಹಂತದ ಒಳಗೇ ಅಂತರ ಅಗಾಧ: ಎ ಉಪಹಂತದಲ್ಲಿ ಶೇ. 93 ಇದ್ದರೆ ಡಿ ಉಪಹಂತದಲ್ಲಿ ಕೇವಲ ಶೇ. 32.

ಇಲ್ಲೊಂದು ಒಗಟು ಕಾಣಿಸುತ್ತದೆ. 'ಎರಡನೇ ಸಿ' ಹಂತದಲ್ಲಿ ಗ್ರಂಥಿಗಳಿಗೆ ರೋಗ ಹಬ್ಬಿಲ್ಲ, ಆದರೂ ಬದುಕುಳಿಯುವ ಪ್ರಮಾಣ ಶೇ. 82 ಮಾತ್ರ. 'ಮೂರನೇ ಎ' ಹಂತದಲ್ಲಿ ಗ್ರಂಥಿಗೆ ಹಬ್ಬಿದ್ದರೂ ಶೇ. 93. ಕಾರಣ ಇಷ್ಟೇ: ಮೊದಲನೆಯದರಲ್ಲಿ ಗಡ್ಡೆ 4 ಮಿ.ಮೀ. ದಾಟಿ ಹುಣ್ಣಾಗಿದೆ, ಎರಡನೆಯದರಲ್ಲಿ ಗಡ್ಡೆ ತೆಳುವಾಗಿದ್ದು, ಗ್ರಂಥಿಯಲ್ಲಿರುವುದು ಸೂಕ್ಷ್ಮದರ್ಶಕಕ್ಕೆ ಮಾತ್ರ ಕಾಣುವಷ್ಟು ಕೋಶಗಳು. ದಪ್ಪ ಗಡ್ಡೆ ಗ್ರಂಥಿಗಳನ್ನು ಬಳಸದೆ ರಕ್ತದ ಮೂಲಕವೂ ಹರಡಬಲ್ಲದು. ಹಂತದ ಸಂಖ್ಯೆಯನ್ನಷ್ಟೇ ಕೇಳಿ ಎದೆಗುಂದುವುದಾಗಲಿ ನಿಶ್ಚಿಂತರಾಗುವುದಾಗಲಿ ಸರಿಯಲ್ಲ.

ಇನ್ನೊಂದು ಎಚ್ಚರಿಕೆಯೂ ಅಗತ್ಯ. ಈ ಅಂಕಿಗಳು ಅಮೆರಿಕ, ಯುರೋಪ್ ಮತ್ತು ಆಸ್ಟ್ರೇಲಿಯಾದ ದೊಡ್ಡ ಕೇಂದ್ರಗಳಿಂದ ಬಂದವು. ಅಲ್ಲಿನ ರೋಗಿಗಳಲ್ಲಿ ಬಹುಪಾಲು ಬಿಳಿಯರು. ಏಕ್ರಲ್ ಬಗೆಯ ಫಲಿತಾಂಶ ಅಷ್ಟು ಆಶಾದಾಯಕವಲ್ಲ. ಅಮೆರಿಕದ 1986ರಿಂದ 2005ರವರೆಗಿನ ದಾಖಲೆಗಳ ಪ್ರಕಾರ, ಚರ್ಮದ ಎಲ್ಲ ಮೆಲನೋಮಾಗಳನ್ನು ಒಟ್ಟು ಸೇರಿಸಿದರೆ ಐದು ವರ್ಷಗಳ ಬದುಕುಳಿಯುವಿಕೆ ಸುಮಾರು ಶೇ. 91, ಏಕ್ರಲ್ ಬಗೆಯಲ್ಲಿ ಸುಮಾರು ಶೇ. 80. ತಡವಾಗಿ, ದಪ್ಪವಾದ ಮೇಲೆ ಪತ್ತೆಯಾಗುವುದು ಇದಕ್ಕೆ ಒಂದು ಮುಖ್ಯ ಕಾರಣ.

ಶಸ್ತ್ರಚಿಕಿತ್ಸೆಯೇ ಮೊದಲ ಮದ್ದು

ಮೊದಲ ಎರಡು ಹಂತಗಳಲ್ಲಿ ಮುಖ್ಯ ಚಿಕಿತ್ಸೆ ಶಸ್ತ್ರಚಿಕಿತ್ಸೆ. ಬಯಾಪ್ಸಿಯ ನಂತರ ಆ ಜಾಗದ ಸುತ್ತಲಿನ ಆರೋಗ್ಯಕರ ಚರ್ಮವನ್ನೂ ಸೇರಿಸಿ ಅಗಲವಾಗಿ ತೆಗೆಯುತ್ತಾರೆ. ಸೊನ್ನೆ ಹಂತಕ್ಕೆ ಅರ್ಧದಿಂದ 1 ಸೆಂ.ಮೀ., 1 ಮಿ.ಮೀ.ವರೆಗಿನ ಗಡ್ಡೆಗೆ 1 ಸೆಂ.ಮೀ., 1ರಿಂದ 2 ಮಿ.ಮೀ.ಗೆ 1ರಿಂದ 2 ಸೆಂ.ಮೀ., ಅದಕ್ಕೂ ದಪ್ಪವಾದರೆ 2 ಸೆಂ.ಮೀ. ಅಂಚು ಸಾಕು. ಅಂಗಾಲಿನಲ್ಲಿ ಚರ್ಮ ಕಸಿ ಬೇಕಾಗಬಹುದು. ಉಗುರಿನ ಆಳವಾದ ಗಡ್ಡೆಗಳಲ್ಲಿ ಬೆರಳಿನ ಭಾಗವನ್ನೇ ತೆಗೆಯಬೇಕಾದ ಸಂದರ್ಭಗಳೂ ಇವೆ. ಬೆರಳು ಕಳೆದುಕೊಳ್ಳುವ ದುಃಖ ದೊಡ್ಡದೇ. ಆದರೆ ಆ ಹಂತದಲ್ಲಿ ಅದು ಪ್ರಾಣಕ್ಕೆ ತೆರುವ ಬೆಲೆ.

ಔಷಧ ಚಿಕಿತ್ಸೆಯಲ್ಲಾದ ಕ್ರಾಂತಿ

ನಾಲ್ಕನೇ ಹಂತದ ಮೆಲನೋಮಾ ಎಂದರೆ 2010ರವರೆಗೆ ಬಹುತೇಕ ಮರಣಶಾಸನವೇ ಆಗಿತ್ತು. 1975ರಲ್ಲಿ ಅಮೆರಿಕದಲ್ಲಿ ಮಂಜೂರಾದ ಡಕಾರ್ಬಜೀನ್ ಎಂಬ ಕೀಮೋಥೆರಪಿ ಔಷಧವೇ ದಶಕಗಳ ಕಾಲ ಆಸರೆ. ಅದಕ್ಕೆ ಸ್ಪಂದಿಸುತ್ತಿದ್ದವರು ಹತ್ತರಲ್ಲಿ ಒಬ್ಬರೋ ಇಬ್ಬರೋ. ಹೆಚ್ಚಿನವರು ವರ್ಷದೊಳಗೆ ತೀರಿಕೊಳ್ಳುತ್ತಿದ್ದರು. 2011ರಿಂದ ಎರಡು ಹೊಸ ದಾರಿಗಳು ತೆರೆದುಕೊಂಡವು.

ಮೊದಲನೆಯದು ಇಮ್ಯುನೋಥೆರಪಿ. ನಮ್ಮ ರೋಗನಿರೋಧಕ ಟಿ-ಕೋಶಗಳು ಅತಿರೇಕಕ್ಕೆ ಹೋಗದಂತೆ ತಡೆಯುವ ಬ್ರೇಕುಗಳು ಅವುಗಳ ಮೇಲೇ ಇವೆ. ಕ್ಯಾನ್ಸರ್ ಕೋಶಗಳು ಈ ಬ್ರೇಕುಗಳ ಲಾಭ ಪಡೆದು ಬಚಾವಾಗುತ್ತವೆ. ಸಿಟಿಎಲ್‌ಎ-4 ಮತ್ತು ಪಿಡಿ-1 ಎಂಬ ಆ ಬ್ರೇಕುಗಳನ್ನು ಸಡಿಲಿಸುವ ಔಷಧಗಳೇ ಇಪಿಲಿಮುಮ್ಯಾಬ್, ಪೆಂಬ್ರೋಲಿಜುಮ್ಯಾಬ್ ಮತ್ತು ನಿವೋಲುಮ್ಯಾಬ್. ಇವಕ್ಕೆ ತಳಹದಿ ಹಾಕಿದ ಅಮೆರಿಕದ ಜೇಮ್ಸ್ ಆಲಿಸನ್ ಮತ್ತು ಜಪಾನಿನ ತಸುಕು ಹೊಂಜೊ ಅವರಿಗೆ 2018ರ ವೈದ್ಯಕೀಯ ನೊಬೆಲ್ ಪ್ರಶಸ್ತಿ ಸಂದಿತು.

ಇಪಿಲಿಮುಮ್ಯಾಬ್ ಮತ್ತು ನಿವೋಲುಮ್ಯಾಬ್‌ಗಳನ್ನು ಜೊತೆಯಾಗಿ ಪಡೆದ ಮುಂದುವರಿದ ಮೆಲನೋಮಾ ರೋಗಿಗಳಲ್ಲಿ ಶೇ. 43ರಷ್ಟು ಮಂದಿ ಹತ್ತು ವರ್ಷಗಳ ನಂತರವೂ ಬದುಕಿದ್ದರು ಎಂಬುದು 2024ರಲ್ಲಿ ಪ್ರಕಟವಾದ ಅಧ್ಯಯನದ ವರದಿ. ಅಮೆರಿಕದ ಮಾಜಿ ಅಧ್ಯಕ್ಷ ಜಿಮ್ಮಿ ಕಾರ್ಟರ್ ಅವರ ಯಕೃತ್ತು ಮತ್ತು ಮಿದುಳಿಗೆ ಮೆಲನೋಮಾ ಹಬ್ಬಿದೆಯೆಂದು 2015ರ ಆಗಸ್ಟ್‌ನಲ್ಲಿ ಪ್ರಕಟವಾದಾಗ ಅವರಿಗೆ 90 ವರ್ಷ. ಶಸ್ತ್ರಚಿಕಿತ್ಸೆ, ವಿಕಿರಣ ಮತ್ತು ಪೆಂಬ್ರೋಲಿಜುಮ್ಯಾಬ್ ಪಡೆದ ಅವರು 2024ರ ಡಿಸೆಂಬರ್‌ನಲ್ಲಿ ನೂರು ವರ್ಷ ತುಂಬಿದ ಮೇಲೆ ನಿಧನರಾದರು. ಎಲ್ಲರಿಗೂ ಇಂತಹ ಫಲ ದೊರೆಯುವುದಿಲ್ಲ. ಏಕ್ರಲ್ ಮತ್ತು ಒಳಪೊರೆಯ ಬಗೆಗಳು ಈ ಔಷಧಗಳಿಗೆ ಕಡಿಮೆ ಸ್ಪಂದಿಸುತ್ತವೆ. ಬ್ರೇಕು ಸಡಿಲಿಸಿದ ಮೇಲೆ ನಿರೋಧಕ ಶಕ್ತಿ ನಮ್ಮ ಕರುಳು, ಯಕೃತ್ತು, ಶ್ವಾಸಕೋಶ, ಥೈರಾಯ್ಡ್‌ಗಳ ಮೇಲೂ ತಿರುಗಿ ಬೀಳಬಹುದು. ಎರಡೂ ಔಷಧಗಳನ್ನು ಒಟ್ಟಿಗೆ ಪಡೆದವರಲ್ಲಿ ಅರ್ಧಕ್ಕೂ ಹೆಚ್ಚು ಮಂದಿಗೆ ತೀವ್ರ ಅಡ್ಡಪರಿಣಾಮಗಳಾಗಿವೆ. ಚಿಕಿತ್ಸೆಯ ನಡುವೆ ಭೇದಿ, ಉಸಿರಾಟದ ತೊಂದರೆ, ವಿಪರೀತ ಸುಸ್ತು ಕಂಡರೆ ತಕ್ಷಣ ಆಸ್ಪತ್ರೆಗೆ ತಿಳಿಸಬೇಕು.

ಎರಡನೆಯ ದಾರಿ, ಗುರಿಯಿಟ್ಟು ಹೊಡೆಯುವ ಮಾತ್ರೆಗಳು. ಬಿಳಿಯರ ಚರ್ಮದ ಮೆಲನೋಮಾಗಳಲ್ಲಿ ಸುಮಾರು ಅರ್ಧದಷ್ಟರಲ್ಲಿ ಬಿರಾಫ್ ಎಂಬ ವಂಶವಾಹಿ ಮಾರ್ಪಟ್ಟಿರುತ್ತದೆ. ಅಂಥವರಿಗೆ ಡಬ್ರಾಫೆನಿಬ್ ಮತ್ತು ಟ್ರಾಮೆಟಿನಿಬ್ ಜೋಡಿ ಬೇಗನೆ ಫಲ ಕೊಡುತ್ತದೆ. ಆದರೆ ಹಲವರಲ್ಲಿ ಕ್ರಮೇಣ ಔಷಧಕ್ಕೆ ಕ್ಯಾನ್ಸರ್ ಒಗ್ಗಿಕೊಳ್ಳುತ್ತದೆ. ಏಕ್ರಲ್ ಬಗೆಯಲ್ಲಿ ಬಿರಾಫ್ ಬದಲಾವಣೆ ಕಡಿಮೆ. ಕೆಲವರಲ್ಲಿ ಕಿಟ್ ಎಂಬ ವಂಶವಾಹಿಯ ಬದಲಾವಣೆ ಇರುತ್ತದೆ. ಅಂಥವರಲ್ಲಿ ಕೆಲವರಿಗೆ ಇಮ್ಯಾಟಿನಿಬ್ ನೆರವಾಗುತ್ತದೆ. ಬಿರಾಫ್ ಬದಲಾವಣೆ ಇದ್ದವರಿಗೂ ಮೊದಲು ಇಮ್ಯುನೋಥೆರಪಿ, ನಂತರ ಮಾತ್ರೆ ಎಂಬ ಕ್ರಮ ಲೇಸೆಂದು ಅಧ್ಯಯನಗಳಿಂದ ತಿಳಿದುಬಂದಿದೆ.

ಮೂರನೇ ಹಂತದಲ್ಲಿ ಶಸ್ತ್ರಚಿಕಿತ್ಸೆಯ ನಂತರ ಒಂದು ವರ್ಷ ಈ ಔಷಧಗಳನ್ನು ಕೊಡುವ ಪದ್ಧತಿ ರೂಢಿಗೆ ಬಂದಿದೆ. ಗ್ರಂಥಿಗಳು ಊದಿಕೊಂಡಿರುವ ರೋಗಿಗಳಿಗೆ ಶಸ್ತ್ರಚಿಕಿತ್ಸೆಗೆ ಮೊದಲೇ ಎರಡು ಬಾರಿ ಇಮ್ಯುನೋಥೆರಪಿ ಕೊಟ್ಟರೆ ಇನ್ನೂ ಒಳ್ಳೆಯದೆಂದು 2024ರ ಅಧ್ಯಯನವೊಂದು ತೋರಿಸಿದೆ. ಗಡ್ಡೆ ದೇಹದಲ್ಲಿರುವಾಗಲೇ ಔಷಧ ಕೊಟ್ಟರೆ ನಿರೋಧಕ ಕೋಶಗಳು ಶತ್ರುವನ್ನು ಹೆಚ್ಚು ಚೆನ್ನಾಗಿ ಗುರುತಿಸಲು ಕಲಿಯುತ್ತವೆ ಎಂಬುದು ಇದರ ಹಿಂದಿನ ತರ್ಕ.

ಖರ್ಚಿನ ಪ್ರಶ್ನೆ

ಇಮ್ಯುನೋಥೆರಪಿಯ ಪೂರ್ಣ ಪ್ರಮಾಣದ ಒಂದು ವರ್ಷದ ಚಿಕಿತ್ಸೆಗೆ ಹಲವು ಲಕ್ಷ ರೂಪಾಯಿ ತಗಲುತ್ತದೆ. ಮಧ್ಯಮ ವರ್ಗದ ಕುಟುಂಬಕ್ಕೂ ಇದು ಭರಿಸಲಾಗದ ಹೊರೆ. ಮುಂಬಯಿಯ ಟಾಟಾ ಸ್ಮಾರಕ ಆಸ್ಪತ್ರೆಯ ವೈದ್ಯರು ತಲೆ ಮತ್ತು ಕುತ್ತಿಗೆಯ ಕ್ಯಾನ್ಸರ್‌ನಲ್ಲಿ ಕೇವಲ 20 ಮಿ.ಗ್ರಾಂ. ನಿವೋಲುಮ್ಯಾಬ್ ಬಳಸಿ ಪ್ರಯೋಜನ ಕಂಡದ್ದನ್ನು 2023ರಲ್ಲಿ ಪ್ರಕಟಿಸಿದರು. ಮೆಲನೋಮಾಕ್ಕೆ ಅದನ್ನು ನೇರವಾಗಿ ಅನ್ವಯಿಸಲಾಗದಿದ್ದರೂ, ಬಡದೇಶಗಳಿಗೆ ಅದೊಂದು ಆಶಾಕಿರಣ. ಚಿಕಿತ್ಸೆ ಆರಂಭಿಸುವ ಮುನ್ನ ಆಯುಷ್ಮಾನ್ ಭಾರತ್-ಆರೋಗ್ಯ ಕರ್ನಾಟಕ ಯೋಜನೆಯಲ್ಲಿ ಯಾವ ಭಾಗಕ್ಕೆ ನೆರವು ಸಿಗುತ್ತದೆ, ಔಷಧ ಕಂಪನಿಯ ರಿಯಾಯಿತಿ ಇದೆಯೇ ಎಂದು ಆಸ್ಪತ್ರೆಯಲ್ಲಿ ವಿಚಾರಿಸುವುದು ಒಳಿತು. ಇದಕ್ಕೆ ಹೋಲಿಸಿದರೆ, ತೆಳುವಾಗಿರುವಾಗಲೇ ಗಡ್ಡೆಯನ್ನು ಕತ್ತರಿಸಿ ತೆಗೆಯುವ ಖರ್ಚು ಅತ್ಯಲ್ಪ.

ವೈದ್ಯರಲ್ಲಿ ಕೇಳಬೇಕಾದ ಪ್ರಶ್ನೆಗಳು

* ಬ್ರೆಸ್ಲೋ ದಪ್ಪ ಎಷ್ಟು? ಹುಣ್ಣಾಗಿದೆಯೇ?
* ಕಾವಲು ಗ್ರಂಥಿಯ ಪರೀಕ್ಷೆ ಅಗತ್ಯವೇ?
* ಯಾವ ಹಂತ, ಯಾವ ಉಪಹಂತ?
* ಬಿರಾಫ್ ಮತ್ತು ಕಿಟ್ ಪರೀಕ್ಷೆಗಳಾಗಿವೆಯೇ?
* ಶಸ್ತ್ರಚಿಕಿತ್ಸೆ ಮೊದಲೋ, ಔಷಧ ಮೊದಲೋ?
* ಎಷ್ಟು ತಿಂಗಳಿಗೊಮ್ಮೆ ತಪಾಸಣೆಗೆ ಬರಬೇಕು?

ಕೊನೆಯ ಪ್ರಶ್ನೆ ಸಣ್ಣದಲ್ಲ. ಮರುಕಳಿಸುವ ಪ್ರಕರಣಗಳಲ್ಲಿ ಹೆಚ್ಚಿನವು ಮೊದಲ ಎರಡು ಮೂರು ವರ್ಷಗಳಲ್ಲೇ ಕಾಣಿಸಿಕೊಳ್ಳುತ್ತವೆ. ಹತ್ತು ವರ್ಷಗಳ ನಂತರ ಮರಳಿದ ಉದಾಹರಣೆಗಳೂ ಇವೆ. ಆದ್ದರಿಂದ ಗುಣಮುಖರಾದವರೂ ತಪಾಸಣೆಯನ್ನು ತಪ್ಪಿಸಬಾರದು.

ತಿಂಗಳಿಗೊಮ್ಮೆ ಸ್ನಾನದ ನಂತರ ಅಂಗಾಲು, ಬೆರಳುಗಳ ಸಂದು, ಉಗುರು ಮತ್ತು ಅಂಗೈಗಳನ್ನು ಬೆಳಕಿನಲ್ಲಿ ನೋಡಿಕೊಳ್ಳಲು ಐದು ನಿಮಿಷ ಸಾಕು. ಬಗ್ಗಲಾಗದ ಹಿರಿಯರ ಪಾದಗಳನ್ನು ಮನೆಯ ಕಿರಿಯರು ನೋಡಬೇಕು. ವಾರಗಳು ಕಳೆದರೂ ಮಾಯದ ಕಪ್ಪು ಕಲೆಗೆ ಸುಣ್ಣ, ಬ್ಲೇಡು, ನಿಂಬೆಹಣ್ಣುಗಳ ಪ್ರಯೋಗ ಬೇಡ. ಹತ್ತಿರದ ಚರ್ಮವೈದ್ಯರಿಗೆ ತೋರಿಸಿ, ಅವರು ಹೇಳಿದರೆ ಬಯಾಪ್ಸಿ ಮಾಡಿಸುವುದೇ ಸರಿಯಾದ ದಾರಿ.